ಅಳಿಸಿದ ನೆಲದ ಸಾಕ್ಷಿಗಳು

ಪೋಲೆಂಡ್ ದೇಶದ ಟ್ರೆಬ್ಲಿಂಕಾ ಶಿಬಿರದಲ್ಲಿ ಸುಮಾರು ಒಂಬತ್ತು ಲಕ್ಷ ಯೆಹೂದ್ಯರನ್ನು ವಿಷಾನಿಲದಿಂದ ಕೊಂದ ನಾಜಿಗಳು, ೧೯೪೩ರ ಕೊನೆಯ ತಿಂಗಳುಗಳಲ್ಲಿ ಆ ಶಿಬಿರವನ್ನು ಕೆಡವಿ, ನೆಲವನ್ನು ಉತ್ತು ಬಿತ್ತಿ, ಒಂದು ಒಕ್ಕಲುಮನೆಯನ್ನೂ ಕಟ್ಟಿಸಿ, ಅಲ್ಲಿ ಬೇಸಾಯವಲ್ಲದೆ ಮತ್ತೇನೂ ನಡೆದಿರಲಿಲ್ಲವೆಂಬ ಭ್ರಾಂತಿಯನ್ನು ಹುಟ್ಟಿಸಲು ಯತ್ನಿಸಿದರು. ಕೊಲೆಯ ಕುರುಹನ್ನೂ ಕೊಲ್ಲುವ ಈ ಎರಡನೆಯ ಪಾತಕವನ್ನು ಸಾಕ್ಷ್ಯಚಿತ್ರದ ಮೂಲಕ ಎದುರಿಸಿದವರಲ್ಲಿ ಫ್ರಾನ್ಸಿನ ಕ್ಲೋದ್ ಲಾಂಜ್ಮಾನ್ ಅಗ್ರಗಣ್ಯನು.

ಅವನಿಗಿಂತ ಮೊದಲು, ೧೯೫೬ರಲ್ಲಿ, ಫ್ರೆಂಚ್ ನಿರ್ದೇಶಕ ಅಲೆನ್ ರೆನೆ ಹಳೆಯ ಛಾಯಾಚಿತ್ರಗಳನ್ನೂ ಪಾಳುಬಿದ್ದ ಶಿಬಿರಗಳನ್ನೂ ಹೆಣೆದು ಅರ್ಧ ಗಂಟೆಯ ಚಿತ್ರವೊಂದನ್ನು ಹೊರತಂದಿದ್ದನು. ಫ್ರಾನ್ಸಿನ ಪಿತಿವಿಯೆ ಶಿಬಿರವನ್ನು ಕಾಯುತ್ತಿದ್ದ ಫ್ರೆಂಚ್ ಪೊಲೀಸನ ಟೋಪಿ ಅದರೊಳಗಿನ ಒಂದು ಛಾಯಾಚಿತ್ರದಲ್ಲಿ ಕಾಣಿಸುತ್ತಿತ್ತೆಂಬ ಕಾರಣಕ್ಕೆ, ಅದನ್ನು ಮರೆಮಾಚುವಂತೆ ಫ್ರೆಂಚ್ ಸೆನ್ಸಾರಿನವರು ಬಲವಂತ ಮಾಡಿದರು.

೧೯೨೫ರಲ್ಲಿ ಯೆಹೂದ್ಯ ಕುಟುಂಬದಲ್ಲಿ ಹುಟ್ಟಿ, ತಾರುಣ್ಯದಲ್ಲಿಯೇ ಜರ್ಮನರ ವಿರುದ್ಧ ಗುಪ್ತವಾಗಿ ಹೋರಾಡಿದ ಲಾಂಜ್ಮಾನ್ ಹಿಡಿದ ಮಾರ್ಗವೇ ಬೇರೆ. ವಿಷಗೃಹಗಳ ಒಳಗಿನ ಹತ್ಯೆಯನ್ನು ತೋರಿಸುವ ಚಲಚ್ಚಿತ್ರ ಯಾರಲ್ಲಿಯೂ ಇಲ್ಲ. ಲೋಕವು ಕಂಡಿರುವ ಹೆಣದ ರಾಶಿಗಳ ಚಿತ್ರಗಳು ಬಹುಮಟ್ಟಿಗೆ ಬೇರೆ ಶಿಬಿರಗಳು ವಿಮೋಚನೆಗೊಂಡ ಮೇಲೆ ತೆಗೆದವು. ಆದಕಾರಣ ಹತ್ತಕ್ಕೂ ಹೆಚ್ಚು ವರ್ಷಗಳ ಶ್ರಮದಿಂದ ೧೯೮೫ರಲ್ಲಿ ಮುಗಿಸಿದ ‘ಶೋಆ’ ಎಂಬ ಒಂಬತ್ತೂವರೆ ಗಂಟೆಗಳ ಚಿತ್ರದಲ್ಲಿ ಆತ ಹಳೆಯ ದೃಶ್ಯದ ಒಂದು ತುಣುಕನ್ನೂ ಬಳಸದೆ, ಬದುಕಿ ಉಳಿದವರ, ಕಂಡವರ, ಕೊಂದವರ ಮುಖ, ಅವರ ಮಾತು, ಹುಲ್ಲು ಬೆಳೆದ ಬಯಲು, ಆಗಲೂ ಓಡುತ್ತಿದ್ದ ರೈಲು, ಇವಿಷ್ಟನ್ನೇ ನೆಚ್ಚಿದನು.

ಪೋಲೆಂಡಿನ ಖೆಲ್ಮ್ನೊ ಶಿಬಿರದಲ್ಲಿ ನದಿಯ ದೋಣಿಯ ಮೇಲೆ ಕಾವಲುಗಾರರಿಗಾಗಿ ಹಾಡಬೇಕಾಗಿದ್ದ, ತಲೆಗೆ ಗುಂಡೇಟು ಬಿದ್ದೂ ಬದುಕಿದ ಬಾಲಕ ಸಿಮೋನ್ ಸ್ರೆಬ್ನಿಕ್, ನಡುವಯಸ್ಸಿನಲ್ಲಿ ಇಸ್ರೇಲಿನಿಂದ ಅಲ್ಲಿಗೆ ಮರಳಿ ಮತ್ತೆ ಹಾಡುತ್ತಾನೆ. ಇಗರ್ಜಿಯ ಮುಂದೆ ಅವನನ್ನು ಕಂಡು ಹಿಗ್ಗಿದ ಊರವರೇ, ಸ್ವಲ್ಪ ಹೊತ್ತಿನಲ್ಲಿ, ಯೆಹೂದ್ಯರಿಗೆ ಒದಗಿದ ಗತಿಗೆ ಕ್ರಿಸ್ತನ ಮರಣದ ಕಾಲದ ಅಪರಾಧವೇ ಕಾರಣವೆಂದು ವಿವರಿಸತೊಡಗುತ್ತಾರೆ. ನಡುವೆ ನಿಂತ ಆತ ಏನೂ ಹೇಳುವುದಿಲ್ಲ. ಯೆಹೂದ್ಯದ್ವೇಷವೆಂಬ ಈ ವ್ಯಾಧಿಯ ಬೇರು ಎಷ್ಟು ಆಳಕ್ಕೆ ಇಳಿದಿದೆಯೆಂಬುದನ್ನು ಇಷ್ಟು ಸ್ಪಷ್ಟವಾಗಿ ತೋರಿಸಿದ ಇತಿಹಾಸಗ್ರಂಥವನ್ನು ನಾನು ಓದಿಲ್ಲ.

ಟ್ರೆಬ್ಲಿಂಕಾದಲ್ಲಿ ಸಾವಿಗೆ ಹೊರಟ ಸ್ತ್ರೀಯರ ಕೂದಲು ಕತ್ತರಿಸಬೇಕಾಗಿದ್ದ ಅಬ್ರಹಾಂ ಬೊಂಬಾನನ್ನು ಲಾಂಜ್ಮಾನ್ ಇಸ್ರೇಲಿನ ಒಂದು ಕ್ಷೌರದ ಅಂಗಡಿಯಲ್ಲಿ, ಕೈಗೆ ಕತ್ತರಿ ಕೊಟ್ಟು, ಮಾತನಾಡಿಸಿದನು. ಜತೆಯ ಕ್ಷೌರಿಕನೊಬ್ಬನ ಹೆಂಡತಿಯೂ ಸೋದರಿಯೂ ಒಳಗೆ ಬಂದ ದಿನವನ್ನು ಹೇಳುವಲ್ಲಿ ಬೊಂಬಾನ ಗಂಟಲು ಕಟ್ಟುತ್ತದೆ; ಬೇಡವೆನ್ನುತ್ತಾನೆ; ಲಾಂಜ್ಮಾನ್ ಬಿಡುವುದಿಲ್ಲ. ಮಾಗದ ಗಾಯವನ್ನು ಕೆದಕುವ ಅಧಿಕಾರ ಕಲಾವಿದನಿಗೆ ಎಲ್ಲಿಯದು ಎಂಬ ಪ್ರಶ್ನೆ ನ್ಯಾಯವಾದುದೇ. ಆದರೂ ಬೊಂಬಾ ಕಡೆಗೆ ಮಾತನ್ನು ಪೂರೈಸಿದನು. ಪೂರೈಸದಿದ್ದರೆ ಆ ಇಬ್ಬರು ಹೆಂಗಸರ ಕೊನೆಯ ಗಳಿಗೆ ಅವನೊಡನೆಯೇ ಅಳಿದುಹೋಗುತ್ತಿತ್ತು. ಟ್ರೆಬ್ಲಿಂಕಾದ ನಾಜಿ ಸಿಬ್ಬಂದಿಯಲ್ಲಿ ಒಬ್ಬನಾಗಿದ್ದ ಫ್ರಾಂಜ್ ಸುಖೊಮೆಲನ ಹೆಸರನ್ನು ಹೊರಗೆಡಹುವುದಿಲ್ಲವೆಂದು ಮಾತುಕೊಟ್ಟು, ಲಾಂಜ್ಮಾನ್ ಬಚ್ಚಿಟ್ಟ ಕ್ಯಾಮೆರಾದಿಂದ ಅವನನ್ನು ಚಿತ್ರಿಸಿದ ವಚನಭಂಗಕ್ಕಾಗಿಯಂತೂ ನಾನು ಮರುಗಲಾರೆ.

ಉಳಿದ ಚಿತ್ರಸುರುಳಿಗಳಿಂದ ಮತ್ತೆ ಕೆಲವು ಚಿತ್ರಗಳನ್ನು ರೂಪಿಸಿ ಲಾಂಜ್ಮಾನ್ ೨೦೧೮ರಲ್ಲಿ ತೀರಿಕೊಂಡನು. ೨೦೨೩ರಲ್ಲಿ ಯುನೆಸ್ಕೊ ‘ಶೋಆ’ವನ್ನು ಜಗತ್ತಿನ ಸ್ಮೃತಿದಾಖಲೆಗಳ ಸಾಲಿಗೆ ಸೇರಿಸಿತು. ವಾಚಕರು ಒಂದು ಇಡೀ ದಿನವನ್ನು ಬಿಡುವು ಮಾಡಿಕೊಂಡು ಅದನ್ನು ನೋಡಬೇಕೆಂದು ಪ್ರಾರ್ಥಿಸುತ್ತೇನೆ.