ಚಪ್ಪಡಿ ಮನೆ, ಕಾರ್ಖಾನೆ ಮನೆ

ಹೊಸೂರು, ಡೆಂಕಣಿಕೋಟೆ, ಅಂಚೆಟ್ಟಿ ಸೀಮೆಯ ಎಷ್ಟೋ ಹಳೆಯ ಮನೆಗಳಿಗೆ ಸೂರು ಎಂದರೆ ಕಲ್ಲು ಚಪ್ಪಡಿ. ಬಂಡೆಯ ಮೇಲೆ ಸೌದೆ ಒಟ್ಟಿ ಬೆಂಕಿ ಹಚ್ಚುವುದು, ಕಾದ ಜಾಗವನ್ನು ಸುತ್ತಿಗೆಯಿಂದ ತಟ್ಟಿ ಕಿವಿಗೊಡುವುದು. ಸದ್ದು ಬದಲಾದರೆ ಪದರ ಬಿಟ್ಟಿತೆಂದು ಲೆಕ್ಕ. ಅದನ್ನು ಸೀಳಿ, ಗಾಡಿಯಲ್ಲಿ ತಂದು, ಸಾಲಾಗಿ ಹಾಸಿ, ಸಂದಿಗೆ ಗಾರೆ ಮೆತ್ತಿದರೆ ಮಾಳಿಗೆ ಮುಗಿಯಿತು. ಮನೆಯ ಭಾಗಗಳನ್ನು ಬೇರೆಡೆ ತಯಾರಿಸಿ ತಂದು ಜೋಡಿಸುವ ಉಪಾಯ ಇಲ್ಲಿಯವರಿಗೆ ಹೊಸದೇನಲ್ಲ.

ಇದೇ ಉಪಾಯಕ್ಕೆ ಬ್ರಿಟನ್ 1944ರಲ್ಲಿ ಕಾಯಿದೆಯನ್ನೇ ಮಾಡಿತು. ಬಾಂಬಿಗೆ ಮನೆ ಕಳೆದುಕೊಂಡವರಿಗಾಗಿ ಸುಮಾರು 1.56 ಲಕ್ಷ ತಾತ್ಕಾಲಿಕ ಮನೆಗಳು ಎದ್ದವು. ಅವುಗಳಲ್ಲಿ ಐವತ್ತು ಸಾವಿರಕ್ಕೂ ಹೆಚ್ಚು ಅಲ್ಯೂಮಿನಿಯಂ ಮನೆಗಳು. ಯುದ್ಧ ಮುಗಿದು ಕೆಲಸ ತಗ್ಗಿದ್ದ ವಿಮಾನ ಕಾರ್ಖಾನೆಗಳಲ್ಲೇ ತಯಾರಾಗಿ, ನಾಲ್ಕು ತುಂಡಾಗಿ ಲಾರಿಯೇರಿ ಬಂದವು. ಒಳಗೆ ಫ್ರಿಜ್ ಕೂಡ! ಹತ್ತು ಹದಿನೈದು ವರ್ಷಕ್ಕೆಂದು ಕಟ್ಟಿದ ಕೆಲವು ಮನೆಗಳಲ್ಲಿ ಅರ್ಧ ಶತಮಾನ ದಾಟಿದರೂ ಜನ ಇದ್ದರು.

ಭಾರತಕ್ಕೆ ಆ ಸಂಕಟ ಬಂದದ್ದು ಯುದ್ಧದಿಂದಲ್ಲ, 1947ರ ವಿಭಜನೆಯಿಂದ. ನಿರಾಶ್ರಿತರಿಂದ ತುಂಬಿದ ದೆಹಲಿಗೆ ಮನೆ ಒದಗಿಸುವ ಹೊಣೆ ಬಿದ್ದದ್ದು ಮೈಸೂರು ಸಂಸ್ಥಾನದ ವಾಸ್ತುಶಿಲ್ಪಿಯಾಗಿದ್ದ ಓಟೋ ಕೋನಿಗ್ಸ್‌ಬರ್ಗರ್ ಹೆಗಲಿಗೆ. ಬರ್ಲಿನ್‌ನಲ್ಲಿ ಹುಟ್ಟಿ, ನಾಜಿಗಳ ಕಾಲದಲ್ಲಿ ದೇಶ ಬಿಟ್ಟ ಈ ಯಹೂದಿ, ದಿವಾನ್ ಮಿರ್ಜಾ ಇಸ್ಮಾಯಿಲ್ ಕಾಲದಲ್ಲಿ, 1939ರಲ್ಲಿ ಮೈಸೂರಿನ ಕೆಲಸಕ್ಕೆ ಸೇರಿದ್ದ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಈತ ವಿನ್ಯಾಸ ಮಾಡಿದ ಕಟ್ಟಡಗಳಿವೆ. 1948ರಲ್ಲಿ ಕೇಂದ್ರ ಸರ್ಕಾರದ ವಸತಿ ನಿರ್ದೇಶಕನಾದ.

ಆಗ ವಸತಿ ಆರೋಗ್ಯ ಇಲಾಖೆಯ ಪಾಲು. ಸಚಿವೆ ರಾಜಕುಮಾರಿ ಅಮೃತ್ ಕೌರ್. ದೆಹಲಿಯ ಜಂಗ್‌ಪುರದಲ್ಲಿ ಸರ್ಕಾರಿ ಮನೆ ಕಾರ್ಖಾನೆಯೇ ಶುರುವಾಯಿತು. ಆದರೆ ಬ್ರಿಟನ್ನಿಗಿದ್ದ ಅನುಕೂಲ ಇಲ್ಲಿರಲಿಲ್ಲ: ಅಲ್ಲಿ ಕಾರ್ಖಾನೆ ಮೊದಲೇ ಇತ್ತು, ಇಲ್ಲಿ ಮನೆಗಾಗಿ ಕಾರ್ಖಾನೆಯನ್ನೂ ಕಟ್ಟಬೇಕಿತ್ತು. ಎರಕ ಹೊಯ್ದ ಹಗುರ ಕಾಂಕ್ರೀಟಿನ ಗೋಡೆಹಲಗೆಗಳು ಬಿರುಕು ಬಿಟ್ಟವು. ಸಂಸತ್ತಿನಲ್ಲಿ ಟೀಕೆ ಎದ್ದಿತು. 1951ರಲ್ಲಿ ಕೋನಿಗ್ಸ್‌ಬರ್ಗರ್ ಲಂಡನ್ನಿಗೆ ಹೊರಟುಹೋದ. ಮುಂದೆ ಅಲ್ಲಿ ಉಷ್ಣವಲಯದ ವಾಸ್ತುಶಿಲ್ಪ ಕಲಿಸುವ ಗುರುವೆಂದು ಹೆಸರಾದ. ಹಲಗೆಗಳು ಸೀಳಿದ ಪಾಠ ಆ ಪಾಠಗಳಿಗೆ ಒದಗಿರಲಿಕ್ಕೂ ಸಾಕು.

ಕಾರ್ಖಾನೆ ಮಾತ್ರ ಮುಚ್ಚಲಿಲ್ಲ. ಹಿಂದುಸ್ತಾನ್ ಹೌಸಿಂಗ್ ಫ್ಯಾಕ್ಟರಿಯಾಗಿ, 1978ರಲ್ಲಿ ಹಿಂದುಸ್ತಾನ್ ಪ್ರೀಫ್ಯಾಬ್ ಆಯಿತು. ಮನೆಗಾಗಿ ಹುಟ್ಟಿದ ಆ ಅಂಗಳದಿಂದ ವಿದ್ಯುತ್ ಕಂಬಗಳೂ ರೈಲು ಹಳಿಯಡಿ ಹಾಕುವ ಕಾಂಕ್ರೀಟ್ ಸ್ಲೀಪರುಗಳೂ ಹೊರಟವು.