ಹಡಗಿನಾಳಿನ ಕರಾರುಪತ್ರ

2020ನೆಯ ಇಸವಿಯ ಶ್ರಾವಣ. ಕಾಲೇಜು ಮುಚ್ಚಿ ಐದು ತಿಂಗಳಾಗಿತ್ತು. ಕಾರವಾರದ ಮಳೆ ಎಂದಿನಂತೆ ಯಾರ ಮಾತನ್ನೂ ಕೇಳದೆ ಸುರಿಯುತ್ತಿತ್ತು. ಅಂಥದೊಂದು ಸಂಜೆ ನಮ್ಮ ಓಣಿಯ ಕೊನೆಯ ಮನೆಯ ತಾಯಿಯೊಬ್ಬರು ಸೆರಗಿನ ಮರೆಯಲ್ಲಿ ಒಂದು ಪ್ಲಾಸ್ಟಿಕ್ ಚೀಲ ಹಿಡಿದುಕೊಂಡು ಬಂದು, ಜಗಲಿಯ ಹೊರಗೇ ನಿಂತು, “ಮಾಸ್ತರ್ರೆ, ಇದರಲ್ಲಿ ಏನು ಬರೆದಿದೆ, ಸ್ವಲ್ಪ ಓದಿ ಹೇಳಿ” ಎಂದರು. ಚೀಲದೊಳಗಿದ್ದುದು ಅವರ ಮಗನ ಕರಾರುಪತ್ರದ ನಕಲು. ಹುಡುಗ ಹಿಂದಿನ ವರ್ಷದ ಅಕ್ಟೋಬರಿನಲ್ಲಿ ಹಡಗು ಹತ್ತಿದ್ದ. ಒಂಬತ್ತು ತಿಂಗಳಿಗೆ ಬರಬೇಕಾದವನು ಬಂದಿರಲಿಲ್ಲ. ಫೋನಿನಲ್ಲಿ ಕೇಳಿದರೆ, “ಯಾವ ಬಂದರಿನಲ್ಲೂ ನಮ್ಮನ್ನು ಇಳಿಯಗೊಡುತ್ತಿಲ್ಲ” ಎನ್ನುತ್ತಾನಂತೆ.

ನಾನು ಕನ್ನಡದ ಮೇಷ್ಟ್ರು. ಹಳಗನ್ನಡದ ಸಮಾಸ ಬಿಡಿಸಬಲ್ಲೆನೇ ಹೊರತು ಇಂಥ ಕಾಗದಗಳ ಅಭ್ಯಾಸ ನನಗಿಲ್ಲ. ಆದರೂ ಕನ್ನಡಕ ಏರಿಸಿ ಓದಿದೆ. ಹಡಗಿನ ಒಡೆಯನ ವಿಳಾಸ ಗ್ರೀಸ್ ದೇಶದ್ದು. ಅದನ್ನು ನಡೆಸುವ ಕಂಪನಿ ಸಿಂಗಪುರದ್ದು. ಆಳು ಸೇರಿಸಿದ ಕಚೇರಿ ಮುಂಬಯಿಯದು. ಹಡಗಿನ ಮೇಲೆ ಹಾರುವ ಬಾವುಟ ಪನಾಮಾ ದೇಶದ್ದು. ದುಡಿಮೆಯ ಅವಧಿ ಒಂಬತ್ತು ತಿಂಗಳು. ಒಂದು ತಿಂಗಳು ಹೆಚ್ಚುಕಡಿಮೆ ಆಗಬಹುದು. “ಪನಾಮಾ ಎಂದರೆ ಎಲ್ಲಿ? ಅವನು ಅಲ್ಲಿಗೆ ಹೋಗಿದ್ದಾನೆಯೇ?” ಎಂದು ಆ ತಾಯಿ ಕೇಳಿದರು. ಹೋಗಿಲ್ಲ; ಬಹುಶಃ ಆ ಹಡಗಿನಲ್ಲಿರುವ ಯಾರೂ ಪನಾಮಾದವರಲ್ಲ. ಇದನ್ನು ಅವರಿಗೆ ತಿಳಿಯುವಂತೆ ಹೇಳಲು ಹೊರಟಾಗಲೇ ನನಗೂ ಅದು ತಿಳಿದಿಲ್ಲವೆಂದು ಗೊತ್ತಾದದ್ದು. ಅಂದಿನಿಂದ ಬಿಡುವಾದಾಗಲೆಲ್ಲ ಈ ಕರಾರುಪತ್ರದ ವಂಶಾವಳಿಯನ್ನು ಹುಡುಕುತ್ತ ಬಂದಿದ್ದೇನೆ.

ಮೊದಲು ಮಾತುಗಳಿಂದ ಹೊರಡೋಣ. ಅದು ನನ್ನ ಕಸಬು. ನಮ್ಮ ಕರಾವಳಿಯಲ್ಲಿ ಮೀನುದೋಣಿಯ ಮುಖಂಡನನ್ನು ಇಂದಿಗೂ ತಂಡೇಲ ಎನ್ನುತ್ತಾರೆ. ತೆಲುಗಿನಲ್ಲಿ, ಮಲಯಾಳದಲ್ಲಿ, ಮರಾಠಿಯಲ್ಲಿ ಈ ಮಾತು ಸಣ್ಣಪುಟ್ಟ ವ್ಯತ್ಯಾಸದೊಡನೆ ಇದೆ. ಇದೇ ಮಾತು ಇಂಗ್ಲಿಷರ ಹಡಗುಗಳ ದಫ್ತರಗಳಲ್ಲಿ ‘ಟಿಂಡಾಲ್’ ಆಗಿ ಕುಳಿತಿದೆ. ಅವನ ಮೇಲಿನವನು ಸಾರಂಗ. ಕಾಡಿನ ಸಾರಂಗಕ್ಕೂ ಇವನಿಗೂ ನಂಟಿಲ್ಲ. ಪಾರಸಿಯ ‘ಸರ್‌ಹಂಗ್’, ಅಂದರೆ ದಳಪತಿ, ಸವೆದು ಹೀಗಾಗಿದೆ. ಇವರಿಬ್ಬರ ಕೈಕೆಳಗಿನ ಸಾಮಾನ್ಯ ಆಳು ಲಸ್ಕರ. ಅದೂ ಪಾರಸಿಯೇ, ಸೈನ್ಯವೆಂಬ ಅರ್ಥದ ‘ಲಷ್ಕರ್’. ಒಂದು ಇಡೀ ಸೈನ್ಯದ ಹೆಸರು ಒಬ್ಬ ಬಡ ಆಳಿನ ಹೆಸರಾಗಿ ಇಳಿದುಬಂದದ್ದು ಭಾಷಾಶಾಸ್ತ್ರದ ವಿನೋದಗಳಲ್ಲೊಂದು. ಈ ಮಂದಿಯ ಹಡಗುಭಾಷೆ ಹಿಂದೂಸ್ತಾನಿ, ಪೋರ್ಚುಗೀಸು, ಅರಬ್ಬೀ, ಮಲಾಯಿಗಳ ಕಲಸುಮೇಲೋಗರ. ಅದನ್ನು ಕಲಿಯದೆ ಇಂಗ್ಲಿಷ್ ಅಧಿಕಾರಿಗಳಿಗೆ ಹಾಯಿ ಬಿಚ್ಚಿಸುವುದೂ ಸಾಧ್ಯವಿರಲಿಲ್ಲವಾದ್ದರಿಂದ, 1811ರಲ್ಲಿ ಥಾಮಸ್ ರೋಬಕ್ ಎಂಬಾತ ಕಲ್ಕತ್ತೆಯಲ್ಲಿ ಅದಕ್ಕೊಂದು ನಿಘಂಟನ್ನೇ ಅಚ್ಚು ಹಾಕಿಸಿದ.

ಈ ಲಸ್ಕರರು ವಿಲಾಯತಿಗೆ ಹೋದದ್ದು ಸಾವಿನ ಖಾಲಿ ತುಂಬಲು. ಈಸ್ಟ್ ಇಂಡಿಯಾ ಕಂಪನಿಯ ಹಡಗು ಇಂಗ್ಲೆಂಡಿನಿಂದ ಹೊರಟು ಇಲ್ಲಿಗೆ ಮುಟ್ಟುವಷ್ಟರಲ್ಲಿ ಅದರ ನಾವಿಕರಲ್ಲಿ ಕೆಲವರು ರೋಗಕ್ಕೆ ತುತ್ತಾಗಿರುತ್ತಿದ್ದರು, ಕೆಲವರು ಓಡಿಹೋಗಿರುತ್ತಿದ್ದರು, ಉಳಿದವರಲ್ಲಿ ಕೆಲವರನ್ನು ಯುದ್ಧನೌಕೆಗಳವರು ಬಲಾತ್ಕಾರವಾಗಿ ಎಳೆದೊಯ್ಯುತ್ತಿದ್ದರು. ಹಿಂದಿರುಗುವ ದಾರಿಗೆ ಕೈಗಳು ಬೇಕು. ಆದರೆ ಕಾನೂನು ಅಡ್ಡ: 1660ರ ನೌಕಾಯಾನದ ಕಾಯಿದೆಯ ಪ್ರಕಾರ ಇಂಗ್ಲಿಷ್ ಹಡಗಿನ ನಾವಿಕರಲ್ಲಿ ನಾಲ್ಕರಲ್ಲಿ ಮೂರು ಪಾಲು ಇಂಗ್ಲಿಷರೇ ಇರಬೇಕು. ಯುದ್ಧಕಾಲದಲ್ಲಿ ಈ ನಿಯಮವನ್ನು ಸಡಿಲಿಸಿದರು. ಲಂಡನ್ನಿಗೆ ಮುಟ್ಟಿದ ಮೇಲೆ ಲಸ್ಕರನ ಕೆಲಸ ಮುಗಿಯಿತು. ಮರಳಿ ಬರುವ ಹಡಗಿನಲ್ಲಿ ಅವನಿಗೆ ಸ್ಥಳವಿಲ್ಲ. ಚಳಿಯಲ್ಲಿ ಬೀದಿಬೀದಿ ತಿರುಗಿ ಬೇಡುತ್ತಿದ್ದ ಇವರನ್ನು ಕಂಡು ಮರುಗಿದ ಕೆಲವರು 1786ರ ಜನವರಿಯಲ್ಲಿ ಲಂಡನ್ನಿನಲ್ಲಿ ಒಂದು ಸಹಾಯಕ ಸಮಿತಿಯನ್ನು ಕಟ್ಟಬೇಕಾಯಿತು.

ನೆಪೋಲಿಯನ್ನನ ಯುದ್ಧಗಳು 1815ರಲ್ಲಿ ಮುಗಿದವು. ನೌಕಾಬಲದಿಂದ ಬಿಡುಗಡೆಯಾದ ಸಾವಿರಾರು ಇಂಗ್ಲಿಷ್ ನಾವಿಕರು ಕೆಲಸವಿಲ್ಲದೆ ದಡದಲ್ಲಿ ನಿಂತರು. ಆಗ, 1823ರಲ್ಲಿ, ಪಾರ್ಲಿಮೆಂಟು ಮಾಡಿದ ಕಾಯಿದೆಯನ್ನು ನಾನು ಮೂರು ಸಲ ಓದಿದೆ. ಲಸ್ಕರರು ಬ್ರಿಟಿಷ್ ಸರಕಾರದ ಆಳ್ವಿಕೆಯ ನೆಲದಲ್ಲೇ ಹುಟ್ಟಿದವರಾದರೂ, ಕಾಯಿದೆಯ ದೃಷ್ಟಿಯಲ್ಲಿ ಅವರನ್ನು ಬ್ರಿಟಿಷ್ ನಾವಿಕರೆಂದು ಎಣಿಸತಕ್ಕದ್ದಲ್ಲ ಎಂದು ಅದು ಹೇಳುತ್ತದೆ. ತೆರಿಗೆ ಕೊಡುವಾಗ, ನ್ಯಾಯಸ್ಥಾನದ ಕಟಕಟೆಯಲ್ಲಿ ನಿಲ್ಲುವಾಗ ಅವನು ಬ್ರಿಟಿಷ್ ಪ್ರಜೆ. ಹಡಗು ಹತ್ತಿ ಕೂಲಿ ಎಣಿಸಿಕೊಳ್ಳುವಾಗ ಮಾತ್ರ ಅಲ್ಲ! ಅವನನ್ನು ಮರಳಿ ಹಿಂದೂಸ್ತಾನಕ್ಕೆ ಮುಟ್ಟಿಸುವ ಹೊಣೆಯನ್ನು ಹಡಗಿನ ಒಡೆಯನ ಮೇಲೆ ಹೊರಿಸಿದ್ದರು. ಇದರಲ್ಲಿ ದಯೆಯೂ ಇತ್ತೆನ್ನೋಣ. ಆದರೆ ಇಂಗ್ಲೆಂಡಿನ ದಡದಲ್ಲಿ ಅವನು ಉಳಿದು ಅಲ್ಲಿಯ ಕೂಲಿ ಕೇಳದಿರಲಿ ಎಂಬ ಲೆಕ್ಕಾಚಾರವೇ ದಯೆಗಿಂತ ಹೆಚ್ಚಾಗಿತ್ತೆಂದು ನನ್ನ ಎಣಿಕೆ. 1849ರಲ್ಲಿ ಹಳೆಯ ನೌಕಾಯಾನದ ಕಾಯಿದೆಗಳು ರದ್ದಾದವು. ಲಸ್ಕರನ ಪ್ರತ್ಯೇಕ ಕರಾರು ಮಾತ್ರ ರದ್ದಾಗದೆ ಇನ್ನೂ ನೂರು ವರ್ಷ ನಡೆಯಿತು.

ಹಬೆಹಡಗು ಬಂತು. 1869ರಲ್ಲಿ ಸೂಯೆಜ್ ಕಾಲುವೆ ತೆರೆಯಿತು. ಹಾಯಿ ಬಿಚ್ಚುವವನಿಗಿಂತ ಕುಲುಮೆಗೆ ಕಲ್ಲಿದ್ದಲು ಎಸೆಯುವವನ ಅವಶ್ಯಕತೆ ಹೆಚ್ಚಾಯಿತು. ಮೇಲಂತಸ್ತಿನ ಕೆಲಸಕ್ಕೆ ರತ್ನಾಗಿರಿ, ಕಚ್ಛ, ಚಿತ್ತಗಾಂವಗಳ ಕಡಲಿನ ಮಕ್ಕಳು. ಅಡಿಗೆ ಮತ್ತು ಊಟದ ಮನೆಗೆ ಗೋವೆಯವರು. ಕೆಳಗೆ ಬೆಂಕಿಯ ಮುಂದೆ ಸಿಲ್ಹಟಿನ ಒಳನಾಡಿನವರು, ಕಾಶ್ಮೀರದ ಮೀರಪುರದ ಕಡೆಯವರು. ಉಷ್ಣದೇಶದ ಜನಕ್ಕೆ ಬೆಂಕಿಯ ಕೆಲಸ ಸಹಜವೆಂದು ಕಂಪನಿಗಳು ಹೇಳುತ್ತಿದ್ದವು. ಸಿಲ್ಹಟಿನ ಗದ್ದೆಯಲ್ಲಿ ಮೊಳಕಾಲು ನೀರಿನಲ್ಲಿ ನಿಂತು ನಾಟಿ ಮಾಡುತ್ತಿದ್ದವನಿಗೆ ಕೆಂಪು ಸಮುದ್ರದ ಬೇಸಿಗೆಯಲ್ಲಿ ಕುಲುಮೆಯ ಬಾಯಿ ಯಾವ ರೀತಿಯಲ್ಲಿ ಸಹಜವೋ ನಾನರಿಯೆ. ಕಾವು ತಾಳಲಾರದೆ ಮೇಲೆ ಓಡಿಬಂದು ನೀರಿಗೆ ಹಾರಿಕೊಂಡವರ ಸಂಗತಿಗಳು ದಾಖಲೆಗಳಲ್ಲಿವೆ.

ಅವನ ಕೂಲಿ ಅದೇ ಹಡಗಿನ ಬಿಳಿಯ ನಾವಿಕನ ಕೂಲಿಯ ಮೂರನೆಯ ಒಂದು ಪಾಲು. ಎಷ್ಟೋ ಕಡೆ ಐದನೆಯ ಒಂದು ಪಾಲು. ಕೆಲಸ ಸಿಗಬೇಕಾದರೆ ಸಾರಂಗನಿಗೂ ವಸತಿಮನೆಯ ದಲ್ಲಾಳಿಗೂ ಲಂಚ ಕೊಡಬೇಕು. ಹಡಗು ಹತ್ತುವ ದಿನವೇ ಅವನು ಸಾಲಗಾರ. ಕೂಲಿಗಿಂತಲೂ ನನ್ನ ಮನಸ್ಸಿನಲ್ಲಿ ಕುಳಿತದ್ದು ಬೇರೊಂದು ಅಂಕಿ. 1906ರ ಕಾಯಿದೆ ಬ್ರಿಟಿಷ್ ನಾವಿಕನಿಗೆ ಮಲಗಿ ಏಳಲು 120 ಘನ ಅಡಿಯ ಜಾಗ ಕೊಡಬೇಕೆಂದಿತು. ಲಸ್ಕರನಿಗೆ 36 ಘನ ಅಡಿ. ಆರಡಿ ಉದ್ದ, ಮೂರಡಿ ಅಗಲ, ಎರಡಡಿ ಎತ್ತರ, ಗುಣಿಸಿ ನೋಡಿರಿ.

ಮೊದಲನೆಯ ಮಹಾಯುದ್ಧ ಹತ್ತುವ ಹೊತ್ತಿಗೆ ಬ್ರಿಟಿಷ್ ವ್ಯಾಪಾರಿ ಹಡಗುಗಳಲ್ಲಿ ಸುಮಾರು 50,000 ಮಂದಿ ಇಂಥವರಿದ್ದರು. ಆ ಯುದ್ಧದಲ್ಲಿ ಇವರಲ್ಲಿ 3,000ಕ್ಕೂ ಮಿಕ್ಕಿ ಜನ ಸತ್ತರು. ಕೋಲ್ಕತ್ತೆಯ ಹೂಗ್ಲಿಯ ದಂಡೆಯಲ್ಲಿ 1924ರಲ್ಲಿ ಅನಾವರಣಗೊಂಡ ಲಸ್ಕರ ಸ್ಮಾರಕವಿದೆ. ಬಂಗಾಳ ಅಸ್ಸಾಮುಗಳ ಕಡೆಯಿಂದ ಹೋಗಿ ಮರಳದ 896 ಮಂದಿಯ ನೆನಪಿಗಾಗಿ ಅದನ್ನು ಕಟ್ಟಿದರು.

ಎರಡನೆಯ ಯುದ್ಧದಲ್ಲಿ ಮಾತ್ರ ಈ ಮಂದಿ ಮೊದಲೇ ಬಾಯಿ ತೆರೆದರು. 1939ರ ಸೆಪ್ಟೆಂಬರಿನಲ್ಲಿ ಯುದ್ಧ ಸಾರಿದ ಕೆಲವೇ ದಿನಗಳಲ್ಲಿ ಲಂಡನ್, ಗ್ಲಾಸ್ಗೋ, ಲಿವರ್‌ಪೂಲ್ ಬಂದರುಗಳಲ್ಲಿ ಹಿಂದೀ ನಾವಿಕರು ಹಡಗು ನಡೆಸುವುದಿಲ್ಲವೆಂದು ಕುಳಿತರು. ಸಿಡಿಮದ್ದು ತುಂಬಿದ ಸಮುದ್ರದಲ್ಲಿ ಹಳೆಯ ಕೂಲಿಗೆ ಹೋಗುವುದಿಲ್ಲ, ಕೂಲಿ ಇಮ್ಮಡಿಯಾಗಲಿ ಎಂದರು. ಮುಷ್ಕರ ದಕ್ಷಿಣ ಆಫ್ರಿಕೆಯ ಬಂದರುಗಳಿಗೂ ಹಬ್ಬಿತು. ಕರಾರುಪತ್ರ ಮುರಿದರೆಂಬ ಆಪಾದನೆಯ ಮೇಲೆ ನೂರಾರು ಜನರನ್ನು ಸೆರೆಗೆ ತಳ್ಳಿದರು. ಆದರೆ ಹಡಗು ನಿಂತರೆ ಯುದ್ಧವೂ ನಿಲ್ಲುತ್ತದೆಂಬುದು ಒಡೆಯರಿಗೆ ಗೊತ್ತಿತ್ತು. ಕೂಲಿ ಏರಿತು, ಒಮ್ಮೆಲೆ ಅಲ್ಲ, ಹಂತಹಂತವಾಗಿ.

1940ರ ಸೆಪ್ಟೆಂಬರಿನಲ್ಲಿ ‘ಸಿಟಿ ಆಫ್ ಬನಾರಸ್’ ಎಂಬ ಹಡಗು ಅಟ್ಲಾಂಟಿಕಿನಲ್ಲಿ ಮುಳುಗಿತು. ಬಾಂಬಿನ ಭಯದಿಂದ ಪಾರುಮಾಡಲೆಂದು ಸರಕಾರ ಕೆನಡಾಕ್ಕೆ ಕಳಿಸುತ್ತಿದ್ದ 90 ಇಂಗ್ಲಿಷ್ ಮಕ್ಕಳು ಅದರಲ್ಲಿದ್ದರು. 77 ಮಕ್ಕಳು ಸತ್ತರು. ಲೋಕ ಇಂದಿಗೂ ಆ ಮಕ್ಕಳನ್ನು ನೆನೆಯುತ್ತದೆ, ನೆನೆಯಬೇಕಾದದ್ದೇ. ಹಡಗಿನ ಆಳುಗಳಲ್ಲಿ ಹೆಚ್ಚಿನವರು ನಮ್ಮ ದೇಶದ ಲಸ್ಕರರೆಂಬುದು ಆ ಕಥೆಯ ಅಂಚಿನಲ್ಲಿ ಮಾತ್ರ ಬರುತ್ತದೆ. ಎಂಟು ದಿನ ಕಡಲಿನಲ್ಲಿ ಅಲೆದು ಬದುಕಿದ ದೋಣಿಯೊಂದರಲ್ಲಿ ಆರು ಹುಡುಗರೊಡನೆ ಮೂವತ್ತರ ಸುಮಾರು ಲಸ್ಕರರೂ ಇದ್ದರು. ಆ ಯುದ್ಧ ಮುಗಿಯುವಷ್ಟರಲ್ಲಿ ಸತ್ತ ಹಿಂದೀ ನಾವಿಕರು ಸುಮಾರು 6,600.

ಇಷ್ಟು ಓದಿದ ಮೇಲೆ ನನಗನ್ನಿಸಿದ್ದು, ಸ್ವಾತಂತ್ರ್ಯ ಬಂತು, ಲಸ್ಕರ ಎಂಬ ಮಾತು ಹೋಯಿತು, ಇನ್ನು ಕಥೆ ಮುಗಿಯಿತು ಎಂದು. ಆದರೆ ಆ ತಾಯಿಯ ಕೈಯಲ್ಲಿದ್ದ ಕಾಗದ ಬೇರೆ ಮಾತು ಹೇಳುತ್ತಿತ್ತು. ಪನಾಮಾದ ಬಾವುಟದ ಕಥೆ ತಮಾಷೆಯಾಗಿದೆ. 1922ರಲ್ಲಿ ಅಮೆರಿಕೆಯಲ್ಲಿ ಪಾನನಿರೋಧವಿದ್ದಾಗ, ಪ್ರಯಾಣಿಕರಿಗೆ ಮದ್ಯ ಹಂಚಲು ಅನುಕೂಲವಾಗಲೆಂದು ಎರಡು ಅಮೆರಿಕನ್ ಹಡಗುಗಳು ಪನಾಮಾದ ಬಾವುಟ ಏರಿಸಿದವು. ಸಾರಾಯಿಗಾಗಿ ಹಿಡಿದ ಅಡ್ಡದಾರಿ ತೆರಿಗೆಗೂ ಕೂಲಿಗೂ ಒದಗುತ್ತದೆಂದು ಒಡೆಯರಿಗೆ ಹೊಳೆಯಲು ತಡವಾಗಲಿಲ್ಲ. 1949ರಲ್ಲಿ ಲೈಬೀರಿಯವೂ ಅಂಗಡಿ ತೆರೆಯಿತು. ಇಂದು ಪನಾಮಾ, ಲೈಬೀರಿಯ, ಮಾರ್ಷಲ್ ದ್ವೀಪಗಳು, ಈ ಮೂರರ ಬಾವುಟದ ಕೆಳಗೆ ಲೋಕದ ಹಡಗು ಸಾಮರ್ಥ್ಯದಲ್ಲಿ ನೂರಕ್ಕೆ ನಲವತ್ತಕ್ಕೂ ಹೆಚ್ಚು ಪಾಲು ಇದೆ. 1823ರ ಕಾಯಿದೆ ಆಳನ್ನು ಅವನ ಬಾವುಟದಿಂದ ಬೇರ್ಪಡಿಸಿತು; ಈ ಹೊಸ ಏರ್ಪಾಡು ಬಾವುಟವನ್ನೇ ಒಡೆಯನಿಂದ ಬೇರ್ಪಡಿಸಿತು. ಎರಡರಲ್ಲೂ ಆಳು ನ್ಯಾಯ ಕೇಳಲು ಹೊರಟರೆ ಯಾವ ಬಾಗಿಲು ತಟ್ಟಬೇಕೆಂಬುದು ತಿಳಿಯುವುದಿಲ್ಲ.

ಬಂದರಿನ ಬಾಳನ್ನು ಬದಲಿಸಿದ್ದು ಇನ್ನೊಂದು ಸಂಗತಿ. 1956ರ ಏಪ್ರಿಲಿನಲ್ಲಿ ಮ್ಯಾಲ್ಕಂ ಮೆಕ್ಲೀನ್ ಎಂಬ ಲಾರಿ ಉದ್ಯಮಿ ‘ಐಡಿಯಲ್ ಎಕ್ಸ್’ ಎಂಬ ಹಡಗಿನ ಮೇಲೆ 58 ಕಬ್ಬಿಣದ ಪೆಟ್ಟಿಗೆಗಳನ್ನಿಟ್ಟು ನ್ಯೂವಾರ್ಕಿನಿಂದ ಹ್ಯೂಸ್ಟನ್ನಿಗೆ ಸಾಗಿಸಿದ. ವಾರಗಟ್ಟಲೆ ಬಂದರಿನಲ್ಲಿ ನಿಂತು ಮೂಟೆ ಇಳಿಸುತ್ತಿದ್ದ ಹಡಗು ಈಗ ಒಂದೆರಡು ದಿನದಲ್ಲಿ ಹೊರಟುಹೋಗುತ್ತದೆ. ನಾವಿಕನಿಗೆ ಊರು ನೋಡುವ ಭಾಗ್ಯವೂ ತಪ್ಪಿತು. ಇಪ್ಪತ್ತು ಸಾವಿರ ಪೆಟ್ಟಿಗೆ ಹೊರುವ, ನಾನೂರು ಮೀಟರು ಉದ್ದದ ಹಡಗಿಗೆ ಇಪ್ಪತ್ತೈದು ಆಳು ಸಾಕು. 2021ರ ಮಾರ್ಚಿನಲ್ಲಿ ಸೂಯೆಜ್ ಕಾಲುವೆಗೆ ಅಡ್ಡವಾಗಿ ಸಿಕ್ಕಿಕೊಂಡ ‘ಎವರ್ ಗಿವನ್’ ಅಂಥದೇ. ಬಾವುಟ ಪನಾಮಾದ್ದು, ಒಡೆಯರು ಜಪಾನಿನವರು, ಬಾಡಿಗೆಗೆ ಹಿಡಿದವರು ತೈವಾನಿನವರು, ಆಳುಗಳು 25 ಮಂದಿಯೂ ಭಾರತೀಯರು. ಆರು ದಿನದಲ್ಲಿ ಹಡಗೇನೋ ಸಡಿಲಿತು. ಪರಿಹಾರದ ವ್ಯಾಜ್ಯ ಮುಗಿದು ಅದು ಅಲ್ಲಿಂದ ಹೊರಟದ್ದು ಜುಲೈ ತಿಂಗಳಲ್ಲಿ. 2024ರ ಮಾರ್ಚಿನಲ್ಲಿ ಬಾಲ್ಟಿಮೋರಿನ ಸೇತುವೆಗೆ ಬಡಿದ ‘ಡಾಲಿ’ಯ 21 ಮಂದಿಯಲ್ಲಿ 20 ಜನ ನಮ್ಮವರು. ಹಡಗಿನಿಂದ ಹೋದ ಅಪಾಯದ ಕೂಗು ಕೇಳಿ ಪೋಲೀಸರು ಸೇತುವೆಯ ಮೇಲಿನ ಸಂಚಾರವನ್ನು ತಡೆದರು. ದುರಸ್ತಿಯಲ್ಲಿ ತೊಡಗಿದ್ದ ಆರು ಮಂದಿ ಕೂಲಿಕಾರರು ಮಾತ್ರ ಉಳಿಯಲಿಲ್ಲ. ಅವರೂ ಪರದೇಶದಿಂದ ದುಡಿಯಲು ಬಂದವರೇ.

ಈ ಎಲ್ಲಕ್ಕಿಂತ ನನ್ನನ್ನು ಕಾಡಿದ್ದು ಸೂಯೆಜಿನ ಬಳಿ ತಡೆಹಿಡಿದ ‘ಅಮಾನ್’ ಎಂಬ ಸಣ್ಣ ಹಡಗಿನ ಸಂಗತಿ. ಒಡೆಯರು ಕೈಬಿಟ್ಟ ಆ ಹಡಗಿಗೆ ಅದರಲ್ಲಿದ್ದ ಸಿರಿಯಾದ ಅಧಿಕಾರಿಯೊಬ್ಬನನ್ನು 2017ರಲ್ಲಿ ಈಜಿಪ್ತಿನ ನ್ಯಾಯಸ್ಥಾನ ಕಾನೂನಿನ ರಕ್ಷಕನೆಂದು ನೇಮಿಸಿತು. ಅವನು ಕಾಗದಕ್ಕೆ ರುಜು ಹಾಕಿದ. ಆ ರುಜುವಿಗಾಗಿ 2021ರ ಏಪ್ರಿಲಿನವರೆಗೆ, ಕೊನೆಕೊನೆಗೆ ಒಂಟಿಯಾಗಿ, ಬೆಳಕಿಲ್ಲದ ಹಡಗಿನಲ್ಲಿ ಉಳಿದ. ಫೋನಿಗೆ ವಿದ್ಯುತ್ತು ತುಂಬಿಸಿಕೊಳ್ಳಲು ದಡಕ್ಕೆ ಈಜಿ ಬರುತ್ತಿದ್ದನಂತೆ. ಹೀಗೆ ಕೈಬಿಟ್ಟ ಹಡಗುಗಳು 2024ರಲ್ಲಿ ಮುನ್ನೂರಕ್ಕೂ ಹೆಚ್ಚು. ಅವುಗಳಲ್ಲಿ ಸಿಕ್ಕಿಕೊಂಡ 3,000ಕ್ಕೂ ಮಿಕ್ಕ ನಾವಿಕರಲ್ಲಿ ಎಲ್ಲ ದೇಶದವರಿಗಿಂತ ಹೆಚ್ಚಿನವರು ಭಾರತೀಯರು.

ಏನೂ ಬದಲಾಗಿಲ್ಲವೆಂದರೆ ಅನ್ಯಾಯವಾದೀತು. ನಾವಿಕರ ಹಕ್ಕುಗಳನ್ನೆಲ್ಲ ಒಂದೆಡೆ ತಂದ 2006ರ ಅಂತರರಾಷ್ಟ್ರೀಯ ಒಪ್ಪಂದ 2013ರಲ್ಲಿ ಜಾರಿಗೆ ಬಂತು. ಭಾರತ 2015ರಲ್ಲಿ ಅದಕ್ಕೆ ಸಮ್ಮತಿಯಿತ್ತಿತು. ಪಳಗಿದ ನಾವಿಕನಿಗೆ ತಿಂಗಳಿಗೆ ಇಷ್ಟಕ್ಕೆ ಕಡಿಮೆಯಾಗಬಾರದೆಂಬ ಅಂತರರಾಷ್ಟ್ರೀಯ ಗೊತ್ತುವಳಿಯಿದೆ. 2023ರಲ್ಲಿ ಅದು 658 ಡಾಲರು. ನಮ್ಮ ಓಣಿಯಲ್ಲೇ ಹಂಚಿನ ಮನೆ ತಾರಸಿಯಾದದ್ದು ಹಡಗಿನ ದುಡ್ಡಿನಿಂದ. ಕನ್ನಡ ಎಂ.ಎ. ಮುಗಿಸಿದ ನನ್ನ ಶಿಷ್ಯರಲ್ಲಿ ಹಲವರಿಗೆ ಅಷ್ಟು ಸಂಬಳವಿಲ್ಲ. ಆದರೆ ಹನ್ನೆರಡು ತಿಂಗಳು ತುಂಬುವ ಮೊದಲೇ ನಾವಿಕನನ್ನು ಮನೆಗೆ ಕಳಿಸಬೇಕೆಂಬ ಒಪ್ಪಂದದ ಮಾತು 2020ರಲ್ಲಿ ಎಲ್ಲಿ ಹೋಯಿತು? ಆ ವರ್ಷದ ಕೊನೆಯಲ್ಲಿ, ಅವಧಿ ಮುಗಿದರೂ ಇಳಿಯಲಾಗದೆ ಲೋಕದ ಹಡಗುಗಳಲ್ಲಿ ಉಳಿದಿದ್ದವರು ಸುಮಾರು ನಾಲ್ಕು ಲಕ್ಷ. ಅವರು ತಂದ ಗೋಧಿ, ಎಣ್ಣೆ, ಔಷಧಗಳು ಮಾತ್ರ ಎಲ್ಲ ಬಂದರುಗಳಲ್ಲೂ ತಡೆಯಿಲ್ಲದೆ ಇಳಿದವು.

ನಮ್ಮ ಓಣಿಯ ಹುಡುಗ 2021ರ ಫೆಬ್ರವರಿಯಲ್ಲಿ ಕೊಚ್ಚಿಯಲ್ಲಿ ಇಳಿದು ಮನೆಗೆ ಬಂದ. ಹದಿನಾರು ತಿಂಗಳಾಗಿತ್ತು. ತೂಕ ಇಳಿದಿತ್ತು, ಮಾತೂ ಕಡಿಮೆಯಾಗಿತ್ತು. ರಾತ್ರಿ ಜಗಲಿಯ ಮೇಲೆ ಮಲಗುತ್ತಿದ್ದ, ಒಳಗೆ ಉಸಿರು ಕಟ್ಟುತ್ತದೆ ಎನ್ನುತ್ತಿದ್ದ. ಇನ್ನು ಹೋಗುವುದಿಲ್ಲವೆಂದು ನನ್ನೆದುರಿಗೇ ಎರಡು ಸಲ ಹೇಳಿದ. ಆ ವರ್ಷದ ದೀಪಾವಳಿ ಕಳೆದು ವಾರವಾಗಿರಬಹುದು, ಅವನ ತಾಯಿ ಅದೇ ಪ್ಲಾಸ್ಟಿಕ್ ಚೀಲ ಹಿಡಿದು ಬಂದರು. ಈ ಸಲ ಜಗಲಿ ಹತ್ತಿ ಕುಳಿತರು. ಕಾಗದ ಹೊಸದು, ಅವಧಿ ಹಳೆಯದೇ, ಒಂಬತ್ತು ತಿಂಗಳು, ಒಂದು ಹೆಚ್ಚುಕಡಿಮೆ. ಬಾವುಟ ಮಾರ್ಷಲ್ ದ್ವೀಪಗಳದು. “ಇದು ಎಲ್ಲಿ ಬರುತ್ತದೆ?” ಎಂದರು. ನಾನು ಒಳಗಿನಿಂದ ಮಗಳ ಶಾಲೆಯ ಭೂಪಟದ ಪುಸ್ತಕ ತಂದು, ಶಾಂತಸಾಗರದ ನೀಲಿಯ ನಡುವೆ ಆ ಚುಕ್ಕೆಗಳನ್ನು ಹುಡುಕತೊಡಗಿದೆ. ಸಿಗುವುದಕ್ಕೆ ಸ್ವಲ್ಪ ಹೊತ್ತು ಹಿಡಿಯಿತು.