ಹತೋಟಿ ಮೀರಿದ ಮಕ್ಕಳು: ಅಮೆರಿಕದ ಕಾನೂನಿನಲ್ಲಿ ಒಂದು ವರ್ಗದ ಇತಿಹಾಸ

ಅಪರಾಧವನ್ನೇನೂ ಮಾಡದೆ, ಹೆತ್ತವರ ಮಾತು ಮೀರಿದ್ದಕ್ಕೆ ಮಾತ್ರ ಮಕ್ಕಳನ್ನು ನ್ಯಾಯಾಲಯಕ್ಕೆ ಒಪ್ಪಿಸುವ ಪದ್ಧತಿ ಅಮೆರಿಕದಲ್ಲಿ ಬಹಳ ಹಳೆಯದು. ತಿರುಗಿಬಿದ್ದ, 16 ವರ್ಷ ತುಂಬಿದ ಮಗನಿಗೆ ಮ್ಯಾಸಚೂಸೆಟ್ಸ್ ವಸಾಹತಿನ 1646ರ ಕಾನೂನು ಮರಣದಂಡನೆಯನ್ನೇ ಹೇಳಿತ್ತು. ಅದರ ಮೂಲ ಬೈಬಲ್ಲಿನ ಧರ್ಮೋಪದೇಶಕಾಂಡ. ಯಾರನ್ನೂ ಹಾಗೆ ಕೊಂದ ದಾಖಲೆಯಿಲ್ಲ. ಆದರೆ ದೂರುವವರೂ ಸಾಕ್ಷಿ ನುಡಿಯುವವರೂ ಹೆತ್ತವರೇ ಎಂಬ ಅದರ ಏರ್ಪಾಡು ಉಳಿದುಕೊಂಡಿತು. ತಾಯಿಯ ದೂರಿನ ಮೇಲೆ ಫಿಲಡೆಲ್ಫಿಯಾದ ಆಶ್ರಯಗೃಹ ಸೇರಿದ್ದ ಹುಡುಗಿಯನ್ನು ಬಿಡಿಸಿಕೊಳ್ಳಲು ತಂದೆ ಹೋರಾಡಿದಾಗ, ಪೆನ್ಸಿಲ್ವೇನಿಯಾದ ಸುಪ್ರೀಂ ಕೋರ್ಟ್ 1838ರಲ್ಲಿ ಅದು ಸೆರೆಮನೆಯಲ್ಲ, ಶಾಲೆ ಎಂದಿತು. ಬೀಗ ಹಾಕಿದ ಶಾಲೆ! ಷಿಕಾಗೋದಲ್ಲಿ 1899ರಲ್ಲಿ ಆರಂಭವಾದ ಮಕ್ಕಳ ನ್ಯಾಯಾಲಯವೂ ಕೆಲವೇ ವರ್ಷಗಳಲ್ಲಿ ಕಳ್ಳತನ ಮಾಡಿದವರನ್ನೂ ಮಾತು ಕೇಳದವರನ್ನೂ ಒಂದೇ ಪಟ್ಟಿಗೆ ಸೇರಿಸಿತು.

ಈ ಎರಡು ಗುಂಪುಗಳನ್ನು ಬೇರ್ಪಡಿಸಿದ್ದು 1961ರಲ್ಲಿ ಕ್ಯಾಲಿಫೋರ್ನಿಯಾ, 1962ರಲ್ಲಿ ನ್ಯೂಯಾರ್ಕ್. ಎರಡನೆಯದು 'ಮೇಲ್ವಿಚಾರಣೆ ಬೇಕಾದ ವ್ಯಕ್ತಿ' ಎಂಬ ಮೃದು ಹೆಸರಿಟ್ಟಿತು. ಹೆಸರು ಬದಲಾದ ಮಾತ್ರಕ್ಕೆ ಮಗುವಿನ ಪಾಡು ಬದಲಾಗಲಿಲ್ಲ. ಹುಡುಗರಿಗೆ 16 ವರ್ಷದವರೆಗೆ, ಹುಡುಗಿಯರಿಗೆ 18ರವರೆಗೆ ಅನ್ವಯಿಸುತ್ತಿದ್ದ ನ್ಯೂಯಾರ್ಕ್ ನಿಯಮದ ವಯಸ್ಸಿನ ತಾರತಮ್ಯವನ್ನು ರಾಜ್ಯದ ಅತ್ಯುಚ್ಚ ನ್ಯಾಯಾಲಯ 1972ರಲ್ಲಿ ರದ್ದುಗೊಳಿಸಬೇಕಾಯಿತು. ಹೆಣ್ಣುಮಕ್ಕಳಿಗೆ ಎರಡು ವರ್ಷ ಹೆಚ್ಚಿನ ಕಾವಲು ಇಟ್ಟದ್ದನ್ನು ನೋಡಿದರೆ, ಈ ವರ್ಗ ಅಳೆಯುತ್ತಿದ್ದದ್ದು ಮಗುವಿಗಿದ್ದ ಅಪಾಯವನ್ನಲ್ಲ, ಹಿರಿಯರ ನಿರೀಕ್ಷೆಯನ್ನು ಎನ್ನಬೇಕಾಗುತ್ತದೆ.

ರಾತ್ರಿ ಮನೆಗೆ ಬಾರದ ಮಗಳ ತಾಯಿ ಇನ್ನೆಲ್ಲಿಗೆ ಹೋಗಬೇಕು ಎಂಬ ಆಕ್ಷೇಪ ನಿಜವಾದದ್ದೇ. ಆಕೆಗೆ ನೆರವು ಬೇಕು. ಆದರೆ ನೆರವು ಎಂದರೆ ಬೀಗವಲ್ಲ. 1974ರ ಕೇಂದ್ರ ಕಾಯ್ದೆ ಒತ್ತು ಕೊಟ್ಟದ್ದು ಇದಕ್ಕೇ: ಅನುದಾನ ಪಡೆಯುವ ರಾಜ್ಯಗಳು ಇಂಥ ಮಕ್ಕಳನ್ನು ಬೀಗ ಹಾಕಿದ ಸಂಸ್ಥೆಗಳಲ್ಲಿ ಇಡಬಾರದು ಎಂದಿತು. ತಮ್ಮ ಆಜ್ಞೆಗೆ ಬೆಲೆಯಿಲ್ಲದಂತಾಯಿತೆಂದು ನ್ಯಾಯಾಧೀಶರು ದೂರಿದರು. 1980ರ ತಿದ್ದುಪಡಿ ನ್ಯಾಯಾಲಯದ ಆದೇಶ ಮುರಿದವರನ್ನು ಕೂಡಿಹಾಕಲು ದಾರಿ ತೆರೆಯಿತು. ಹಿಂದಿನ ಬಾಗಿಲಿನಿಂದ ಹಳೆಯ ಪದ್ಧತಿಯೇ ಒಳಬಂದಿತು. 2018ರ ಕಾಯ್ದೆ ಆ ಬಂಧನಕ್ಕೆ 7 ದಿನಗಳ ಮಿತಿ ಹಾಕಿತೇ ಹೊರತು ಬಾಗಿಲನ್ನು ಮುಚ್ಚಲಿಲ್ಲ.

ಭಾರತದ 1986ರ ಬಾಲನ್ಯಾಯ ಕಾಯ್ದೆಯಲ್ಲೂ 'ಹತೋಟಿಗೆ ಸಿಗದ' ಮಕ್ಕಳ ಬಗ್ಗೆ ಪ್ರತ್ಯೇಕ ಕಲಮು ಇತ್ತು. 2015ರ ಕಾಯ್ದೆಯ ಪ್ರಶ್ನೆ ಬೇರೆ: ಮಗುವನ್ನು ನೋಡಿಕೊಳ್ಳಲು ಪೋಷಕರು ಅರ್ಹರೇ, ಸಮರ್ಥರೇ ಎಂಬುದನ್ನು ಅದು ಪರಿಶೀಲಿಸುತ್ತದೆ.